ಚಾತುರ್ಮಾಸದ ಭಟ್ಟಿ

ಹೆಂಚನ್ನು ಒಳಗೆ ಒಯ್ಯುವಂತಿಲ್ಲ ಎಂದು ಬಾಗಿಲಲ್ಲಿ ನಿಂತಿದ್ದ ಜವಾನ ಎರಡನೆಯ ಸಲ ಹೇಳಿದಾಗ ನೇಮಣ್ಣ ಅದನ್ನು ಎದೆಗೆ ಇನ್ನಷ್ಟು ಅವಚಿಕೊಂಡ. ಹಳೆಯ ಧೋತರದ ತುಂಡಿನಲ್ಲಿ ಸುತ್ತಿದ ಆ ಹೆಂಚು ಖಾನಾಪುರದಿಂದ ಬೆಂಗಳೂರಿನವರೆಗೆ ರೈಲಿನಲ್ಲಿ ಅವನ ತೊಡೆಯ ಮೇಲೆ ಕೂತು ಬಂದಿತ್ತು, ಒಂದು ಚಕ್ಕೆಯೂ ಏಳದೆ ಬಂದಿತ್ತು. ಎರಡು ಇಟ್ಟಿಗೆಗಳ ಮೇಲೆ ಅಡ್ಡ ಇಟ್ಟು ಮೇಲೊಬ್ಬ ಗಟ್ಟಿ ಆಳು ನಿಂತರೂ ಅದು ಮುರಿಯುವುದಿಲ್ಲ ಎಂಬುದನ್ನು ಹೈಕೋರ್ಟಿನ ನ್ಯಾಯಾಧೀಶರಿಗೆ ಕಣ್ಣಾರೆ ತೋರಿಸಬೇಕೆಂದು ಅವನು ತಂದದ್ದು. ನಂಬಿಕೆ ಬರದಿದ್ದರೆ ಅವರೇ ಹತ್ತಿ ನಿಂತು ನೋಡಲಿ, ದಿನವಿಡೀ ಕೂತು ಓದುವ ಮನುಷ್ಯರು, ಅಂಥ ಭಾರವೇನೂ ಇರಲಿಕ್ಕಿಲ್ಲ ಎಂದೂ ಅವನು ಅಂದಾಜು ಮಾಡಿದ್ದ.

"ಇಲ್ಲಿ ಹಂಚಿಂದೇನು ಕೆಲಸ ಇಲ್ಲ ನೇಮಣ್ಣಾ. ಅಲ್ಲೇ ಕಟ್ಟಿ ಮ್ಯಾಲ ಇಟ್ಟ ಬರ್ರಿ," ಎಂದರು ವಕೀಲ ಕಲ್ಲಯ್ಯ. ಅವರು ಬೆಳಗಾವಿಯವರು. ಬೆಂಗಳೂರಿನಲ್ಲಿ ವಕೀಲಿ ಮಾಡುತ್ತ ತಲೆ ನರೆತಿದ್ದರೂ ಅವರ ಮಾತು ಇನ್ನೂ ತಮ್ಮ ಮಠದ ಗಲ್ಲಿಯನ್ನು ಬಿಟ್ಟು ಬಂದಿರಲಿಲ್ಲ.

ಹಂಚಿನ ಜಗಳದಲ್ಲಿ ಹಂಚಿಗೇ ಕೆಲಸವಿಲ್ಲವೆಂದರೆ ಏನರ್ಥ ಎಂದು ನೇಮಣ್ಣನಿಗೆ ತಿಳಿಯಲಿಲ್ಲ. ಆದರೂ ಕಟ್ಟೆಯ ಮೇಲೆ ಇಟ್ಟ. ಇಟ್ಟವನು ಒಮ್ಮೆ ತಲೆಯೆತ್ತಿ ಕೋರ್ಟಿನ ಕಟ್ಟಡ ನೋಡಿದ. ಇಷ್ಟು ಕೆಂಪು ಬರಬೇಕಾದರೆ ಮಣ್ಣು ಎಲ್ಲಿಯದಿರಬಹುದು ಎಂದು ಕುತೂಹಲದಿಂದ ಕೇಳಿದ. ಅದು ಮೇಲೆ ಬಳಿದ ಬಣ್ಣ ಎಂದು ಕಲ್ಲಯ್ಯ ಹೇಳಿದಾಗ, ಕೋರ್ಟಿನ ಬಗ್ಗೆ ಅವನಿಗಿದ್ದ ಮರ್ಯಾದೆ ಒಂದು ಕೂದಲೆಳೆಯಷ್ಟು ಕಡಿಮೆಯಾಯಿತು.

ಜಗಳ ಶುರುವಾದದ್ದು ಹಿಂದಿನ ವರ್ಷ, ಎಂಬತ್ತೊಂದರ ಮಳೆಗಾಲದಲ್ಲಿ. ಖಾನಾಪುರ ತಾಲೂಕಿನ ಪ್ರಾಥಮಿಕ ಶಾಲೆಗಳಿಗೆಲ್ಲ ಹೊಸ ಹೆಂಚು ಹೊದಿಸಬೇಕೆಂದು ಬೆಳಗಾವಿಯ ಶಾಲಾ ಕಟ್ಟಡಗಳ ಕಚೇರಿ ಟೆಂಡರು ಕರೆದಿತ್ತು. ನೇಮಣ್ಣನ ದರ ಎಲ್ಲರಿಗಿಂತ ಕಡಿಮೆಯಿತ್ತು. ಆ ಗುತ್ತಿಗೆ ಅವನಿಗೆ ಬೇಕೇ ಬೇಕಾಗಿತ್ತು. ಹೊಸ ಮನೆ ಕಟ್ಟುವವರೆಲ್ಲ ಸಿಮೆಂಟಿನ ಸ್ಲ್ಯಾಬಿಗೆ ಮನಸೋತಿದ್ದರು, ಉಳಿದವರು ಮಂಗಳೂರು ಹೆಂಚು ತರಿಸುತ್ತಿದ್ದರು. ಶಾಲೆಗಳ ಕೆಲಸ ಸಿಕ್ಕರೆ ಭಟ್ಟಿ ಉಳಿಯುತ್ತದೆ, ಸಿಗದಿದ್ದರೆ ಮುಚ್ಚುವುದೇ ಸೈ ಎಂಬುದು ಮನೆಯಲ್ಲಿ ಹೆಂಡತಿ ಕಾಂತಾಳಿಗೂ ಗೊತ್ತಿತ್ತು, ಭಟ್ಟಿಯಲ್ಲಿ ಮೇಸ್ತ್ರಿ ಮಾಯಪ್ಪನಿಗೂ ಗೊತ್ತಿತ್ತು. ಮಾಯಪ್ಪ, ಅವನ ಅಣ್ಣತಮ್ಮಂದಿರು, ಅವರ ಹೆಂಡಿರು, ಎಲ್ಲರೂ ಅದೇ ಮಣ್ಣು ತುಳಿದು ಹೊಟ್ಟೆ ಹೊರೆಯುವವರು.

ಟೆಂಡರಿನಲ್ಲಿ ಒಂದು ಕರಾರಿತ್ತು. ನಡೆಯುತ್ತಿರುವ ಭಟ್ಟಿ ಇದ್ದವರಿಗೆ ಮಾತ್ರ ಕೆಲಸ ಕೊಡಬೇಕು. ಅದನ್ನು ನೋಡಿ ಬರಲು ಕಚೇರಿಯವರು ಎಂಜಿನಿಯರ್ ಗುರುಪಾದಪ್ಪನವರನ್ನು ಕಳಿಸಿದರು. ಬಿಜಾಪುರದ ಬಿಸಿಲಲ್ಲಿ ಬೆಳೆದ ಮನುಷ್ಯ, ವರ್ಗವಾಗಿ ಹೊಸದಾಗಿ ಬಂದಿದ್ದರು. ಮಳೆ ಎಂದರೆ ದೇವರು ಎಂದು ಕೈಮುಗಿಯುವ ಊರಿನಿಂದ ಬಂದವರಿಗೆ ಖಾನಾಪುರದ ಆಷಾಢ ಬುದ್ಧಿ ಕಲಿಸಿತು. ಜೀಪು ಕೆಸರಲ್ಲಿ ಹುಗಿಯಿತು. ಒಂದು ಚಪ್ಪಲಿ ಗದ್ದೆಯಲ್ಲಿ ಉಳಿಯಿತು. ನಡೆದು ಬಂದು ನೋಡಿದರೆ ಭಟ್ಟಿಯಲ್ಲಿ ಬೆಂಕಿಯಿಲ್ಲ, ಹೊಗೆಯಿಲ್ಲ, ಬೆಂಕಿ ಹಾಕುವ ಬಾಯಲ್ಲಿ ನಾಯಿಯೊಂದು ಮರಿ ಹಾಕಿಕೊಂಡು ಬೆಚ್ಚಗೆ ಮಲಗಿದೆ. ನೇಮಣ್ಣ ಅಂದು ನಂದಗಡದ ಸಂತೆಗೆ ಹೋಗಿದ್ದ. ಗುರುಪಾದಪ್ಪ ಯಾರನ್ನೂ ಏನೂ ಕೇಳಲಿಲ್ಲ. ಬಂದ ದಾರಿಯಲ್ಲೇ ತಿರುಗಿ ಹೋಗಿ, ಭಟ್ಟಿ ನಿಂತುಹೋಗಿದೆ ಎಂದು ಬರೆದುಕೊಟ್ಟರು. ಎರಡನೆಯ ದರ ಹಾಕಿದ್ದ ಬೆಳಗಾವಿಯ ಬಾಳಾಸಾಹೇಬರಿಗೆ ಕೆಲಸ ಸಿಕ್ಕಿತು.

ಖಾನಾಪುರದವರಿಗೆ ಇದು ಕೇಳಿ ನಗುವ ವಿಷಯ. ನೇಮಣ್ಣನ ಭಟ್ಟಿ ಚಾತುರ್ಮಾಸದ ನಾಲ್ಕು ತಿಂಗಳು ಉರಿಯುವುದಿಲ್ಲ ಎಂಬುದು ಅಲ್ಲಿ ಎಮ್ಮೆ ಕಾಯುವವನಿಗೂ ಗೊತ್ತು. ಭಟ್ಟಿಯ ಹೊಗೆ ನಿಂತಿತೆಂದರೆ ಹೆಂಗಸರು ಅಟ್ಟದಿಂದ ಕೊಡೆ ಇಳಿಸುತ್ತಿದ್ದರು. ಜೈನರ ಮನೆ. ಮಳೆಗಾಲದಲ್ಲಿ ಕಟ್ಟಿಗೆಯೊಳಗೆ ಹುಳಹುಪ್ಪಡಿ ಸೇರಿಕೊಂಡಿರುತ್ತವೆ, ಬೆಂಕಿ ಇಟ್ಟರೆ ಎಲ್ಲ ಸಾಯುತ್ತವೆ. ತಾಯಿ ಸೋನಾಬಾಯಿ ಹಿಡಿದ ನೇಮವೆಂದು ತಂದೆ ಆದಿನಾಥನ ಕಾಲದಿಂದ ನಡೆದು ಬಂದ ಪದ್ಧತಿ ಅದು. ಬೇಸಿಗೆಯಲ್ಲಿ ಸುಟ್ಟು ಒಟ್ಟಿಟ್ಟ ಹೆಂಚನ್ನು ಮಳೆಗಾಲದಲ್ಲಿ ಮಾರುತ್ತಿದ್ದರು. ಊರಿಗೆಲ್ಲ ಗೊತ್ತಿದ್ದದ್ದನ್ನು ಕಾಗದದಲ್ಲೇಕೆ ಬರೆಯಬೇಕೆಂದು ನೇಮಣ್ಣ ಟೆಂಡರಿನಲ್ಲಿ ಆ ಮಾತೇ ಎತ್ತಿರಲಿಲ್ಲ. ಖಾನಾಪುರಕ್ಕೆ ಗೊತ್ತಿರುವುದು ಸರಕಾರಕ್ಕೂ ಗೊತ್ತಿರುತ್ತದೆ ಎಂದು ನಂಬುವುದು ಖಾನಾಪುರದವರು ಮಾತ್ರ ಮಾಡಬಲ್ಲ ತಪ್ಪು.

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂದು ಹಿರಿಯರು ಹೇಳಿ ನೋಡಿದರು. ನೇಮಣ್ಣ ಕೇಳಲಿಲ್ಲ. ದರ ಹೆಚ್ಚೆಂದು ಬಿಟ್ಟಿದ್ದರೆ ಸುಮ್ಮನಿರುತ್ತಿದ್ದ, ಹೆಂಚು ಕಳಪೆ ಎಂದಿದ್ದರೂ ಎರಡು ದಿನ ಬೈದು ಮರೆಯುತ್ತಿದ್ದ. ತನ್ನ ಅಂಗಳದವರೆಗೆ ಬಂದು ತನ್ನನ್ನು ಒಂದು ಮಾತು ಕೇಳದೆ ಹೋದರಲ್ಲ ಎಂಬುದು ಅವನಿಗೆ ಮುಳ್ಳಿನ ಹಾಗೆ ನಟ್ಟುಕೊಂಡಿತ್ತು. ಕಲ್ಲಯ್ಯ ರಿಟ್ ಅರ್ಜಿ ಹಾಕಿ, ಬಾಳಾಸಾಹೇಬರ ಕೆಲಸಕ್ಕೆ ತಡೆಯಾಜ್ಞೆ ತಂದರು. ಶಾಲೆಗಳ ಮಾಡುಗಳು ಇದ್ದ ಹಾಗೇ ಉಳಿದವು. ಈಗ, ಮುಂದಿನ ಮಳೆಗಾಲ ಮೋಡ ಕಟ್ಟುವ ಹೊತ್ತಿಗೆ, ತೀರ್ಮಾನದ ದಿನ ಬಂದಿತ್ತು.

ಒಳಗೆ ಎಲ್ಲವೂ ಇಂಗ್ಲಿಷಿನಲ್ಲಿ ನಡೆಯಿತು. ನೇಮಣ್ಣ ಹಿಂದಿನ ಬೆಂಚಿನಲ್ಲಿ ಕೂತು ಮುಖಗಳನ್ನು ಓದಿದ. ಹೆಂಚಿಗೆ ಇಂಗ್ಲಿಷಿನಲ್ಲಿ ಟೈಲು ಅನ್ನುತ್ತಾರೆಂಬುದಷ್ಟು ಅವನಿಗೆ ಗೊತ್ತಿತ್ತು, ಆ ಮಾತಿಗಾಗಿ ಕಿವಿ ನೆಟ್ಟಗೆ ಮಾಡಿ ಕಾದ. ಒಂದೇ ಸಲ ಬಂತು. ಅದೂ ಕೆಮ್ಮಿನ ನಡುವೆ. ಕಲ್ಲಯ್ಯ ದಪ್ಪ ಪುಸ್ತಕವೊಂದನ್ನು ತೆರೆದು ಏನೋ ಓದಿದರು. ಅದು ಏನೆಂದು ಅವರು ಮೊದಲೇ ತಿಳಿಸಿ ಹೇಳಿದ್ದರು. ಸರಕಾರವೆಂದರೆ ಮನೆಯ ಯಜಮಾನನಲ್ಲ, ಮನಸ್ಸಿಗೆ ಬಂದವರಿಗೆ ಬಂದದ್ದು ಕೊಡಲಿಕ್ಕೆ. ತಾನು ಹಾಕಿದ ಕರಾರನ್ನು ತಾನೂ ಸರಿಯಾಗಿ ನಡೆಸಬೇಕು ಎಂದು ದಿಲ್ಲಿಯ ದೊಡ್ಡ ಕೋರ್ಟು ಮೂರು ವರ್ಷದ ಹಿಂದೆ ಹೇಳಿದೆಯಂತೆ. ನೇಮಣ್ಣನಿಗೆ ಅದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. ಇಷ್ಟು ಸಣ್ಣ ಮಾತಿಗೆ ಇಷ್ಟು ದಪ್ಪ ಪುಸ್ತಕವೇಕೆ ಎಂಬುದು ಮಾತ್ರ ತಿಳಿಯಲಿಲ್ಲ.

ನ್ಯಾಯಾಧೀಶರು ಆಮೇಲೆ ಕನ್ನಡಕ ತೆಗೆದು ಸರಕಾರಿ ವಕೀಲರಿಗೆ ಒಂದು ಪ್ರಶ್ನೆ ಕೇಳಿದರು. ಚಿಕ್ಕ ಪ್ರಶ್ನೆ. ಸರಕಾರಿ ವಕೀಲರು ಹಿಂದೆ ತಿರುಗಿ ಗುರುಪಾದಪ್ಪನವರನ್ನು ನೋಡಿದರು. ಗುರುಪಾದಪ್ಪ ಕಡತವನ್ನು ಮುಂದಿನಿಂದ ಹಿಂದಕ್ಕೆ ತಿರುವಿದರು, ಹಿಂದಿನಿಂದ ಮುಂದಕ್ಕೆ ತಿರುವಿದರು. ಕೇಳದೇ ಇದ್ದದ್ದು ಕಡತದಲ್ಲಿ ಎಲ್ಲಿಂದ ಬರಬೇಕು? ಅವರ ಹಣೆಯ ಮೇಲೆ ಬೆವರು ಮೂಡಿದ್ದು ನೇಮಣ್ಣನಿಗೆ ಕಂಡಿತು. ಪಾಪ ಅನಿಸಿತು, ಖುಷಿಯೂ ಆಯಿತು.

ಹೊರಗೆ ಬಂದಾಗ ಕಲ್ಲಯ್ಯನವರ ಮುಖ ಅರಳಿತ್ತು. ಗುತ್ತಿಗೆ ಕೊಟ್ಟದ್ದನ್ನು ಕೋರ್ಟು ರದ್ದು ಮಾಡಿದೆ ಎಂದರು. ಹಂಗಾದರೆ ಕೆಲಸ ತನಗೆ ಸಿಕ್ಕಿತೇ ಎಂದು ನೇಮಣ್ಣ ಕೇಳಿದ. ಇಲ್ಲ. ಬಾಳಾಸಾಹೇಬರಿಗೆ? ಅವರಿಗೂ ಇಲ್ಲ. ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗಾಯಿತಲ್ಲ ಎಂದುಕೊಂಡ ನೇಮಣ್ಣ.

"ಮತ್ತ ನಾ ಗೆದ್ದದ್ದೇನ್ರಿ?"

"ಯಾರ ಹಂಚು ಚಲೋ ಅಂತ ನೋಡೂದು ಕೋರ್ಟಿನ ಕೆಲಸ ಅಲ್ಲ. ಆರಿಸೂ ಮುಂದ ಸರಿಯಾಗಿ ಆರಿಸಿದ್ರೋ ಇಲ್ಲೋ, ಅದಷ್ಟ ನೋಡತದ. ಭಟ್ಟಿ ಯಾಕ ಆರೇತಿ ಅಂತ ಆ ಮನಶ್ಯಾನ್ನ ಒಂದ ಮಾತು ಕೇಳಿದ್ರೇನು, ಅಂದ್ರು ಜಡ್ಜ ಸಾಹೇಬ್ರು. ಕೇಳಿದ್ದಿಲ್ಲ. ಈಗ ಬಂದು ಕೇಳಬೇಕು. ನೀವು ಹೇಳೂದನ್ನ ಪೂರಾ ಬರಕೋಬೇಕು. ಆಮ್ಯಾಲೆ ಕೆಲಸ ಯಾರಿಗಂತ ಅವರ ಠರಾಯಸಬೇಕು."

"ಇಷ್ಟನ?"

"ಇಷ್ಟ," ಎಂದರು ಕಲ್ಲಯ್ಯ. "ಇಷ್ಟಕ್ಕ ಮಂದಿ ಎಷ್ಟ ವರ್ಷ ಅಲೀತಾರ ನಿಮಗೇನು ಗೊತ್ತು."

ನೇಮಣ್ಣ ಕಟ್ಟೆಯ ಕಡೆ ಹೋದ. ಯಾರೋ ಧೋತರದ ತುಂಡು ಸರಿಸಿ ಹೆಂಚಿನ ಮೇಲೆ ಎಲೆಯಡಿಕೆಯ ಪುಡಿಕೆ ಬಿಚ್ಚಿಟ್ಟುಕೊಂಡು ಕೂತಿದ್ದರು. ಅದನ್ನು ಅವರಿಗೇ ಬಿಟ್ಟು ಬಂದ.

ಮಿರಜದ ಗಾಡಿಯಲ್ಲಿ ಬೆಳಗಾಗಿ ನೋಡಿದರೆ ಎದುರಿನ ಹಲಗೆಯ ಮೇಲೆ ಗುರುಪಾದಪ್ಪ. ಇಬ್ಬರೂ ಒಂದಿಷ್ಟು ಹೊತ್ತು ಕಿಟಕಿಯಾಚೆ ನೋಡುವ ನಾಟಕ ಮಾಡಿದರು. ಲೋಂಡಾ ದಾಟಿದ ಮೇಲೆ ಕಾಡಿನೊಳಗೆ ಮಳೆ ಹಿಡಿಯಿತು, ಕಿಟಕಿ ಮುಚ್ಚಬೇಕಾಯಿತು, ನೋಡಲಿಕ್ಕೆ ಎದುರಿನ ಮುಖವಷ್ಟೇ ಉಳಿಯಿತು. ಗುರುಪಾದಪ್ಪ ರೊಟ್ಟಿಯ ಗಂಟು ಬಿಚ್ಚಿ ಶೇಂಗಾ ಹಿಂಡಿ ಮುಂದೆ ಹಿಡಿದರು. ಅದರಲ್ಲಿ ಬಳ್ಳೊಳ್ಳಿ ಇದೆಯೇ ಎಂದು ನೇಮಣ್ಣ ಕೇಳಿದ. ಇದೆ ಎಂದಾಗ ಬೇಡವೆಂದು ಬರಿಯ ರೊಟ್ಟಿ ತೆಗೆದುಕೊಂಡ. ಬಳ್ಳೊಳ್ಳಿ ಯಾಕೆ ಬೇಡವೆಂದು ಗುರುಪಾದಪ್ಪ ಕೇಳಲು ಹೋಗಿ, ತಡೆದು, ಆಮೇಲೆ ಕೇಳಿಯೇಬಿಟ್ಟರು. ನೆಲದೊಳಗಿನ ಗಡ್ಡೆ ಕಿತ್ತರೆ ಅದರ ಜೊತೆಗಿದ್ದ ಜೀವಗಳು ಸಾಯುತ್ತವೆ ಎಂದು ನೇಮಣ್ಣ ವಿವರಿಸಿದ. ಗುರುಪಾದಪ್ಪ ತಲೆದೂಗಿದರು. ನಂಬದವರ ತಲೆದೂಗು ಅಲ್ಲ, ಹೊಸದೇನೋ ತಿಳಿದವರದು.

"ಅವತ್ತ ನಾ ಕೇಳಿದ್ರ ಏನಂತಿದ್ರಿ ನೀವು?" ಎಂದು ಕೊನೆಗೆ ಕೇಳಿದರು.

"ಹಿಂಗ ಗಾಡ್ಯಾಗ ಕೇಳಿದ್ರ ನಡಿಯೂದಿಲ್ರಿ ಸಾಹೇಬ್ರ. ಅಲ್ಲಿ ಬಂದು ಕೇಳಬೇಕು ಅಂತ ಆರ್ಡರ್ ಆಗೇತಿ," ಎಂದ ನೇಮಣ್ಣ. ಇಬ್ಬರಿಗೂ ನಗು ಬಂತು. ಅಷ್ಟರಲ್ಲಿ ಖಾನಾಪುರ ಬಂತು.

ಆ ವಾರ ಮಳೆ ಬಿಡಲಿಲ್ಲ. ಒಂದು ಮಧ್ಯಾಹ್ನ ನೇಮಣ್ಣ ಶಾಲೆಯ ಮುಂದೆ ಹಾದುಹೋಗುವಾಗ ಮಕ್ಕಳೆಲ್ಲ ಒಂದೇ ಮೂಲೆಯಲ್ಲಿ ಒತ್ತಿ ಕೂತಿದ್ದರು, ಮಾಸ್ತರರು ಕೊಡೆ ಹಿಡಿದು ಮಗ್ಗಿ ಹೇಳಿಸುತ್ತಿದ್ದರು. ಕೋರ್ಟಿಗೆ ಹೋಗದಿದ್ದರೆ ಈ ಮಾಡಿನ ಮೇಲೆ ಹೋದ ಬೇಸಿಗೆಯಲ್ಲೇ ಬಾಳಾಸಾಹೇಬರ ಹೆಂಚು ಬಂದಿರುತ್ತಿತ್ತು. ನೇಮಣ್ಣನಿಗೆ ಒಳಗೊಳಗೇ ಚುರುಕೆಂದಿತು. ಮಾಸ್ತರರಿಗೆ ನಮಸ್ಕಾರ ಹೇಳದೆ ಬೇಗ ಬೇಗ ನಡೆದುಬಿಟ್ಟ.

ಗುರುಪಾದಪ್ಪ ಆಷಾಢದ ಕೊನೆಗೆ ಬಂದರು, ಈ ಸಲ ಮೊಣಕಾಲುದ್ದದ ರಬ್ಬರ್ ಬೂಟು ಹಾಕಿಕೊಂಡು. ಚಾತುರ್ಮಾಸ ಹಿಡಿದಿತ್ತು, ಭಟ್ಟಿ ಮತ್ತೆ ಆರಿತ್ತು. ಕೋರ್ಟಿನಲ್ಲಿ ಬೆವತ ಮನುಷ್ಯ ಈಗ ಕೇಳದೆ ಏನನ್ನೂ ಬಿಡಲು ತಯಾರಿರಲಿಲ್ಲ. ಭಟ್ಟಿ ಯಾವಾಗ ಆರಿತು, ಯಾಕೆ ಆರಿತು, ಮತ್ತೆ ಯಾವಾಗ ಹೊತ್ತುತ್ತದೆ, ಒಟ್ಟಿಟ್ಟ ಹೆಂಚು ಎಷ್ಟು, ಎಲ್ಲ ಕೇಳಿದರು, ಎಲ್ಲ ಬರೆದರು. ಮಾಯಪ್ಪನನ್ನು ಕೇಳಿದರು, ಮಣ್ಣು ತುಳಿಯುವ ಹೆಂಗಸರನ್ನು ಕೇಳಿದರು. ಭಟ್ಟಿಯ ಬಾಯಲ್ಲಿ ಈ ಸಲವೂ ಮಲಗಿದ್ದ ನಾಯಿ ಯಾರದು ಎಂದೂ ಕೇಳಿದರು. ಅದು ಯಾರದೂ ಅಲ್ಲವೆಂದು ಮಾಯಪ್ಪ ಹೇಳಿದ, ಅದನ್ನೂ ಬರೆದುಕೊಂಡರು. ಕೇಳುವುದರಲ್ಲಿ ಅವರಿಗೆ ರುಚಿ ಹತ್ತಿದ ಹಾಗಿತ್ತು.

ಆಮೇಲೆ ಮನೆಯ ಪಡಸಾಲೆಗೆ ಬಂದರು. ಸೋನಾಬಾಯಿ ಕಂಬಕ್ಕೆ ಬೆನ್ನು ಕೊಟ್ಟು ಮೊರದಲ್ಲಿ ಅಕ್ಕಿ ಆರಿಸುತ್ತ ಕೂತಿದ್ದಳು. ಎಪ್ಪತ್ತು ದಾಟಿದ ಮುದುಕಿ. ಕಣ್ಣು ಮಂದವಾಗಿದ್ದರೂ ಅಕ್ಕಿಯೊಳಗಿನ ಹುಳ ಮಾತ್ರ ಅವಳ ಬೆರಳಿಗೆ ತಪ್ಪುತ್ತಿರಲಿಲ್ಲ. ಹಿಡಿದದ್ದನ್ನು ಮೆಲ್ಲಗೆ ಅಂಗಳದ ಗಿಡದ ಬುಡಕ್ಕೆ ಬಿಡುತ್ತಿದ್ದಳು. ಕೋರ್ಟಿಗೆ ಕೊಟ್ಟ ಅಫಿಡವಿಟ್ಟಿನಲ್ಲಿ ನೇಮ ತಾಯಿಯದು ಎಂದು ಬರೆದಿದೆ, ಆದ್ದರಿಂದ ಅವರನ್ನೂ ಕೇಳುವುದು ಚಲೋ ಎಂದರು ಗುರುಪಾದಪ್ಪ. ಧಾರಾಳವಾಗಿ ಕೇಳಿರಿ ಎಂದ ನೇಮಣ್ಣ. ಇದು ಅವನಿಗೆ ಗೆದ್ದ ಕುದುರೆಯ ಕೊನೆಯ ಸುತ್ತು.

"ಆಯೀ, ಚಾತುರ್ಮಾಸದಾಗ ನಾಕ ತಿಂಗಳಾ ಭಟ್ಟಿ ಆರಸಬೇಕು ಅಂತ ಹೇಳಿದವ್ರು ನೀವ ಏನ್ರಿ?"

ಸೋನಾಬಾಯಿ ಮೊರ ಕೆಳಗಿಟ್ಟಳು. "ಇಲ್ಲ," ಎಂದಳು.

 ಬಾಗಿಲಲ್ಲಿ ಚಹಾದ ತಟ್ಟೆ ಹಿಡಿದು ನಿಂತ ಕಾಂತಾ ಅಲ್ಲೇ ನಿಂತಳು.  ಕೋರ್ಟಿಗೆ ಪ್ರಮಾಣ ಮಾಡಿ ಬರೆದುಕೊಟ್ಟ ಮಾತು ಸುಳ್ಳಾದರೆ ಗುತ್ತಿಗೆಯೂ ಹೋಯಿತು, ಮಾನವೂ ಹೋಯಿತು. ಮುದುಕಿಗೆ ಪ್ರಶ್ನೆ ತಿಳಿದಿಲ್ಲ ಎಂದು ನೇಮಣ್ಣ ನಡುವೆ ಬಾಯಿ ಹಾಕಲು ನೋಡಿದ. ಗುರುಪಾದಪ್ಪ ಕೈಯೆತ್ತಿ ತಡೆದರು.

"ಮತ್ತ ಏನ ಹೇಳಿದ್ರಿ?"

"ನಾಕ ತಿಂಗಳಾ ಅಂತ ನಾ ಎಂದೂ ಅಂದಾಕಿ ಅಲ್ಲಪ್ಪಾ. ನಾ ಮದವಿ ಆಗಿ ಬಂದ ವರ್ಷ ಇವನಪ್ಪ ಈ ಭಟ್ಟಿ ತಗೊಂಡ್ರು. ಮೊದಲನೇ ಬೆಂಕಿ ಹಾಕೂ ದಿನ ನನ್ನ ಕೈಲೆ ಆರತಿ ಮಾಡಿಸಿದ್ರು. ಕಟಗ್ಯಾಗ ಇರವಿ ಗೂಡಿತ್ತು. ಬೆಂಕಿ ತಾಕಿದ ಕೂಡ್ಲೆ ಅವು ತತ್ತಿ ಬಾಯಾಗ ಹಿಡಕೊಂಡ ಹೊರಗ ಬಂದ್ವು. ಹೊರಗೂ ಬೆಂಕೀನ ಇತ್ತು." ಅವಳು ಬೆರಳಿಗಂಟಿದ ಅಕ್ಕಿಯ ಧೂಳು ಒರೆಸಿಕೊಂಡಳು. "ಈ ಕಸಬು ನಮಗ ಬ್ಯಾಡ್ರಿ, ಬಿಟ್ಟಬಿಡ್ರಿ ಅಂದೆ. ನಾಕ ತಿಂಗಳಾ ಬಿಡ್ತೇನಿ ಅಂದ್ರು. ನಾ ಹನ್ನೆರಡ ಕೇಳಿದ್ದೆ, ಅವರು ನಾಕ ಕೊಟ್ರು."

"ಆಮ್ಯಾಲೆ?"

"ಆಮ್ಯಾಲೆ ಯಾರೂ ಕೇಳಲಿಲ್ಲ. ನಾನೂ ಹೇಳಲಿಲ್ಲ."

ಗುರುಪಾದಪ್ಪನವರ ಪೆನ್ನು ನಿಂತಿತ್ತು. ಇದನ್ನು ಬರೆದುಕೊಳ್ಳಲೇ ಎಂದು ಅವರು ಮೆಲ್ಲಗೆ ಕೇಳಿದರು. ಕೇಳಿದ್ದೀಯಲ್ಲಪ್ಪ, ಬರೆದುಕೋ ಎಂದು ಹೇಳಿ ಸೋನಾಬಾಯಿ ಮತ್ತೆ ಮೊರ ತೊಡೆಯ ಮೇಲೆ ಎಳೆದುಕೊಂಡಳು. ಚಹಾ ಆರಿಹೋಗಿತ್ತು, ಗುರುಪಾದಪ್ಪ ಅದನ್ನೇ ಕುಡಿದು ಹೋದರು. ಹೋಗುವಾಗ ಅವರು ನೇಮಣ್ಣನ ಮುಖ ನೋಡಲಿಲ್ಲ.

ಹೆದರಿದಂಥದೇನೂ ಆಗಲಿಲ್ಲ. ಭಟ್ಟಿ ಆರಿದ್ದು ಮನೆತನದ ಪದ್ಧತಿಯಿಂದ, ವ್ಯಾಪಾರ ನಿಂತದ್ದರಿಂದಲ್ಲ ಎಂಬುದು ಮುದುಕಿಯ ಮಾತಿನಿಂದ ಇನ್ನೂ ಗಟ್ಟಿಯಾಯಿತು ಎಂದು ಕಚೇರಿ ತೀರ್ಮಾನಿಸಿತು. ಭಾದ್ರಪದದಲ್ಲಿ ಕೆಲಸದ ಆದೇಶ ನೇಮಣ್ಣನ ಹೆಸರಿಗೆ ಬಂತು. ಬೇಸಿಗೆ ಮುಗಿಯುವುದರೊಳಗೆ, ಮುಂದಿನ ಮಳೆಗೆ ಮೊದಲು, ಎಲ್ಲ ಶಾಲೆಗಳಿಗೂ ಹೆಂಚು ಮುಟ್ಟಬೇಕು. ತಡವಾದರೆ ಠೇವಣಿ ಮುಟ್ಟುಗೋಲು. ಕಲ್ಲಯ್ಯ ಅಭಿನಂದನೆಯ ತಾರು ಕಳಿಸಿದರು. ಮಾಯಪ್ಪ ಬೆಳಗಾವಿಗೆ ಹೋಗಿ ಕುಂದಾ ತಂದು ಓಣಿಗೆಲ್ಲ ಹಂಚಿದ. ಸಾವಕಾರರು ಸರಕಾರವನ್ನೇ ಸೋಲಿಸಿ ಬಂದರು ಎಂದು ಊರು ಬಾಯಿತುಂಬ ಹೊಗಳಿತು. ನೇಮಣ್ಣ ತನ್ನ ಪಾಲಿನ ಕುಂದಾ ಮುಟ್ಟದೆ ಪಕ್ಕಕ್ಕಿಟ್ಟ.

ಅವನು ಅಂದಿನಿಂದ ತಾಯಿಯ ಎದುರು ಹೆಚ್ಚು ಹೊತ್ತು ಕೂತಿರಲಿಲ್ಲ. ಏನು ಮಾತಾಡಬೇಕು? ಭಟ್ಟಿಯ ಅನ್ನ ತಿಂದೇ ಅವನು ಬೆಳೆದದ್ದು, ಅವಳೇ ಆ ಅನ್ನ ಬಡಿಸಿದ್ದು. ಒಂದು ಸಂಜೆ ಅವನು ಅದೇ ಮಾತು ತಲೆಯ ಮೇಲೆ ಹೊತ್ತು ಕೂತಿದ್ದಾಗ ಕಾಂತಾ ಬಟ್ಟೆ ಮಡಚುತ್ತ ಕೇಳಿದಳು, ಅತ್ತೆ ಬಾವಿ ದಾಟಿ ಭಟ್ಟಿಯ ಕಡೆ ಹೋದದ್ದನ್ನು ನೀವು ಎಂದಾದರೂ ನೋಡಿದ್ದೀರೇನು ಎಂದು. ನೇಮಣ್ಣ ನೆನಪು ಮಾಡಿಕೊಂಡ. ಬುತ್ತಿ ಕೊಡಲು, ಆಳುಗಳಿಗೆ ನೀರು ಕೊಡಲು, ತನ್ನನ್ನು ಶಾಲೆಗೆ ಹುಡುಕಿ ಒಯ್ಯಲು, ಎಲ್ಲದಕ್ಕೂ ಅವಳು ಬಾವಿಯ ತನಕ ಬಂದು ಅಲ್ಲಿಂದಲೇ ಕೂಗುತ್ತಿದ್ದಳು. ಧ್ವನಿ ದೊಡ್ಡದು, ಅದಕ್ಕೇ ದೂರದಿಂದ ಕೂಗುತ್ತಾಳೆ ಎಂದು ಅವನು ಇಷ್ಟು ವರ್ಷ ತಿಳಿದಿದ್ದ. ಅವನಿಗೆ ನಾಚಿಕೆಯಾಯಿತು. ಎಂಥ ಮಗ ನಾನು ಅನಿಸಿತು.

ದೀಪಾವಳಿ ಮುಗಿಯಿತು, ಚಾತುರ್ಮಾಸ ಕಳೆಯಿತು. ಬಿಸಿಲಿಗೆ ಒಣಗಿದ ಹಸಿ ಹೆಂಚುಗಳನ್ನು ಭಟ್ಟಿಯೊಳಗೆ ಪೇರಿಸಿ ಆಯಿತು. ಕಾಡಿನಿಂದ ಬಂದ ಕಟ್ಟಿಗೆ ಮಳೆಗಾಲವಿಡೀ ಚಪ್ಪರದಡಿ ಬಿದ್ದಿದ್ದು ಈಗ ಭಟ್ಟಿಯ ಬಾಯ ಮುಂದೆ ರಾಶಿಯಾಗಿತ್ತು. ಮೊದಲ ಬೆಂಕಿ ಯಜಮಾನನ ಕೈಯಿಂದಲೇ ಬೀಳಬೇಕು. ಮಾಯಪ್ಪ ಮಿಂದು, ಹಣೆಗೆ ಭಂಡಾರದ ಅರಿಶಿನ ಹಚ್ಚಿಕೊಂಡು, ಉರಿಯುವ ಕೊಳ್ಳಿ ಹಿಡಿದು ನಿಂತಿದ್ದ. ಅವನ ಹಿಂದೆ ಅವನ ಮನೆಯವರೆಲ್ಲ ಇದ್ದರು. ನೇಮಣ್ಣ ಕೊಳ್ಳಿಗೆ ಕೈ ಚಾಚಿದವನು ಕೈ ಹಿಂದೆ ತೆಗೆದುಕೊಂಡ. ಈಗ ಬಂದೆ ಎಂದು ಮನೆಯ ಕಡೆ ನಡೆದ.

ಸೋನಾಬಾಯಿ ಬಸದಿಯಿಂದ ಬಂದು ಪಡಸಾಲೆಯಲ್ಲಿ ಕೂತಿದ್ದಳು. ನೇಮಣ್ಣ ಅವಳ ಮುಂದೆ ನೆಲದ ಮೇಲೆ ಕೂತ.

"ಅವ್ವಾ, ಭಟ್ಟಿಗೆ ಬೆಂಕಿ ಹಾಕಬೇಕಂತ ಮಾಡೇವಿ. ಹಾಕಲೇನು?"

ಅವಳು ಅವನ ಮುಖವನ್ನೇ ನೋಡಿದಳು, ಮಂದಗಣ್ಣಿಗೆ ಕಾಣುವಷ್ಟು ಹತ್ತಿರ ಬಾಗಿ. "ಬ್ಯಾಡ ಅಂದ್ರ?"

"ಬ್ಯಾಡ ಅಂದ್ರ ಹಾಕೂದಿಲ್ಲ."

ಬಾಯಿಮಾತಿಗೆ ಅಂದದ್ದಲ್ಲ ಅದು. ಬೇಡವೆಂದರೆ ಠೇವಣಿ ಹೋಗುತ್ತದೆ, ಭಟ್ಟಿ ಮುಚ್ಚುತ್ತದೆ, ಕೋರ್ಟಿಗೆ ಹೋಗಿ ಗೆದ್ದು ಬಂದವನು ಗೆದ್ದದ್ದನ್ನು ಗಟಾರಕ್ಕೆ ಎಸೆದನೆಂದು ಊರು ನಗುತ್ತದೆ. ಎಲ್ಲವನ್ನೂ ಅವನು ಎಣಿಸಿ ನೋಡಿಯೇ ಬಂದಿದ್ದ. 

"ಸಾಲಿ ಹುಡುಗ್ರು?" ಎಂದಳು ಸೋನಾಬಾಯಿ.

"ಇನ್ನೊಂದ ಮಳಿಗಾಲ ತೋಯ್ತಾರ. ಬ್ಯಾರೆಯವ್ರು ಯಾರರೆ ಹಂಚು ಕೊಡೂತನಕ."

"ಮಾಯಪ್ಪನ ಮಂದಿ?"

ನೇಮಣ್ಣ ಭಟ್ಟಿಯ ಕಡೆ ನೋಡಿದ.  ಹೊರಗೆ ಯಾರೋ ಸಾವಕಾರರನ್ನು ಕೂಗಿದರು, ಇನ್ನಾರೋ ಅವರನ್ನು ಸುಮ್ಮನಿರಿಸಿದರು. ಅವಳು ಗೋಡೆ ಹಿಡಿದು ಎದ್ದಳು. ಒಳಗೆ ಹೋಗಿ, ಉಟ್ಟು ಉಟ್ಟು ಮೆತ್ತಗಾದ ಹಳೆಯ ಸೀರೆಯ ತುಂಡೊಂದನ್ನು ತಂದಳು.

"ಕಟಗಿ ಎಲ್ಲಿ ಒಟ್ಟೀರಿ?" ಎಂದು ಕೇಳಿದಳು.

ನೇಮಣ್ಣ ಕೈ ಹಿಡಿಯಲು ಹೋದ, ಅವಳು ಬೇಡವೆಂದಳು. ಅಂಗಳ ಇಳಿದು ಬಾವಿಯ ತನಕ ಬಂದು ಅಲ್ಲಿ ಒಂದು ಗಳಿಗೆ ನಿಂತಳು. ಆಮೇಲೆ ದಾಟಿದಳು. ಭಟ್ಟಿಯ ಮುಂದಿದ್ದವರು ದಾರಿ ಬಿಟ್ಟರು, ಮಾಯಪ್ಪನ ಹೆಂಡತಿ ಸೆರಗು ತಲೆಯ ಮೇಲೆ ಎಳೆದುಕೊಂಡಳು. ಸೋನಾಬಾಯಿ ಕಟ್ಟಿಗೆಯ ರಾಶಿಯ ಪಕ್ಕ ಕಾಲು ಮಡಚಿ ಕೂತಳು. ಒಂದು ಕಟ್ಟಿಗೆ ತೊಡೆಯ ಮೇಲೆ ಎಳೆದುಕೊಂಡು, ಬೆರಳಿನಿಂದ ಅದರ ಬಿರುಕುಗಳನ್ನು ಸವರಿ ನೋಡಿ, ಬಟ್ಟೆಯಿಂದ ಮೆಲ್ಲಗೆ ಒರೆಸಿದಳು. ತೊಗಟೆಯೊಳಗಿನಿಂದ ಇರುವೆಗಳು ಹೊರಬಿದ್ದವು. ಅವು ಪೂರ್ತಿ ಇಳಿದು ಹುಲ್ಲಿನ ಕಡೆ ಹೋಗುವ ತನಕ ಕಾದು, ಆ ಕಟ್ಟಿಗೆಯನ್ನು ಮಾಯಪ್ಪನ ಕಡೆ ಸರಿಸಿದಳು. ಇನ್ನೊಂದನ್ನು ತೆಗೆದುಕೊಂಡಳು.

"ಹಿಂಗಾದ್ರ ರಾಶಿ ಎಂದ ಮುಗೀಬೇಕ್ರಿ ಸಾವಕಾರ್ರ?" ಎಂದು ಮಾಯಪ್ಪ ನೇಮಣ್ಣನ ಕಿವಿಯಲ್ಲಿ ಕೇಳಿದ.

ನೇಮಣ್ಣ ತಾಯಿಯ ಎದುರು ಕೂತು, ರಾಶಿಯಿಂದ ಒಂದು ದಪ್ಪ ದಿಮ್ಮಿಯನ್ನು ಎಳೆದು ಅವಳ ಕೈಗೆ ನಿಲುಕುವಂತೆ ಇಟ್ಟ. ಅದರ ಪೊಟರೆಯಲ್ಲಿ ಬಿಳಿಯ ತತ್ತಿಗಳಿದ್ದವು. ಸೋನಾಬಾಯಿ ಅದನ್ನು ಒರೆಸಲಿಲ್ಲ. ತಿರುಗಿಸಿ ನೋಡಿ, ಪಕ್ಕಕ್ಕೆ ನೆರಳಿನಲ್ಲಿ ಇಟ್ಟಳು. ಹೊತ್ತು ಏರುತ್ತಿತ್ತು. ಮಾಯಪ್ಪನ ಕೈಯಲ್ಲಿದ್ದ ಕೊಳ್ಳಿ ಉರಿದು ಮುಗಿಯಿತು. ಅವನು ಅದನ್ನು ನೆಲಕ್ಕೆ ಉಜ್ಜಿ ಆರಿಸಿ, ತಲೆಗೆ ಸುತ್ತಿದ ವಸ್ತ್ರ ಬಿಚ್ಚಿ, ರಾಶಿಯ ಇನ್ನೊಂದು ಮಗ್ಗುಲಿಗೆ ಬಂದು ಕೂತು ಒಂದು ಕಟ್ಟಿಗೆ ಕೈಗೆತ್ತಿಕೊಂಡ.